ನೂರಾ ಮೂರು ನಫರ್

ಕಳೆದ ಖಾನೇಷುಮಾರಿಯ, ಅಂದರೆ ಜನಗಣತಿಯ, ಪುಸ್ತಕದಲ್ಲಿ ನಮ್ಮ ಊರಿನ ಹೆಸರಿನ ಮುಂದೆ ‘ಊರು ಇರುವುದು ಕಂಡುಬಂದಿದೆ, ಜನಸಂಖ್ಯೆ ವರದಿಯಾಗಿಲ್ಲ’ ಎಂದು ಬರೆದರು. ಆಗ ನಾವು ಐವತ್ತೊಂದು ಜನ ಇದ್ದೆವು.

ಆ ಪುಟವನ್ನು ನಾನು ಕಣ್ಣಾರೆ ಓದಿದ್ದೇನೆ. ಊರು ಎಲ್ಲಿದೆ ಎಂಬುದನ್ನು ಬಹಳ ಅಚ್ಚುಕಟ್ಟಾಗಿ ಬರೆದಿದ್ದಾರೆ. ಇಂಥ ಜಿಲ್ಲೆ, ಇಂಥ ತಾಲ್ಲೂಕು, ಇಂಥ ಹೋಬಳಿ. ಉಪ್ಪಿನ ಬಯಲಿನ ಪಡುವಣ ಅಂಚು. ಸಮುದ್ರಮಟ್ಟದಿಂದ ಎತ್ತರ ಇಷ್ಟು. ಊರ ಹೆಸರನ್ನು ಮೂರು ರೀತಿ ಬರೆಯಬಹುದೆಂದು ಮೂರನ್ನೂ ಬರೆದಿದ್ದಾರೆ. ನಮ್ಮನ್ನು ಒಂದು ರೀತಿಯೂ ಬರೆದಿಲ್ಲ. ಆಡುಭಾಷೆ ಫಾರಸಿ ಎಂಬ ಸಾಲೂ ಇದೆ. ಆಡುವವರು ಯಾರು ಎಂದು ಬರೆದವನೂ ಕೇಳಿಕೊಳ್ಳಲಿಲ್ಲ, ಅಚ್ಚು ಹಾಕಿದವನೂ ಕೇಳಿಕೊಳ್ಳಲಿಲ್ಲ.

ಪುಸ್ತಕ ಹೊರಬಂದ ವಸಂತದಲ್ಲೇ ನಮ್ಮ ದನಿ ಗಡಿಕಲ್ಲಿನ ಹತ್ತಿರ ನಿಂತುಹೋಗತೊಡಗಿತು. ಮೊದಲು ಗೊತ್ತಾದದ್ದು ನಾಝ್‌ಖಾತೂನ್ ಖಾಲಾಳಿಗೆ. ಪಕ್ಕದ ಮನೆಯವಳು, ಆದರೆ ಊರಿಗೆಲ್ಲ ಅವಳು ಖಾಲಾ, ಚಿಕ್ಕಮ್ಮ. ಅವತ್ತು ಸಂತೆಗೆ ಹೊರಟವಳು ಎಂದಿನಂತೆ ತನ್ನ ಕತ್ತೆಯನ್ನು ಅದರ ಏಳು ತಲೆಮಾರು ಸೇರಿಸಿ ಬೈಯುತ್ತ ಹೋಗುತ್ತಿದ್ದಳು. ಕಲ್ಲು ದಾಟಿದ್ದೇ ತಡ, ಬೈಗುಳ ಅರ್ಧಕ್ಕೆ ಕಡಿಯಿತು. ತುಟಿ ಆಡುತ್ತಿತ್ತು, ಕೊರಳ ನರ ಉಬ್ಬಿತ್ತು, ಸದ್ದಿಲ್ಲ. ಹುಟ್ಟಿದಾಗಿನಿಂದ ಬೈಗುಳದ ಮೇಲೇ ನಡೆದು ಬಂದಿದ್ದ ಕತ್ತೆ ಅಲ್ಲೇ ನಿಂತುಬಿಟ್ಟಿತು. ಖಾಲಾ ಗಾಬರಿಯಾಗಿ ಒಂದು ಹೆಜ್ಜೆ ಹಿಂದಕ್ಕಿಟ್ಟಳು. ಉಳಿದರ್ಧ ಬೈಗುಳ ಧೊಪ್ಪನೆ ಹೊರಗೆ ಬಿತ್ತು. ನಾವೆಲ್ಲ ನಕ್ಕದ್ದೇ ನಕ್ಕದ್ದು. ಊರಿಗೆ ಊರೇ ಕಲ್ಲಿನ ಬಳಿ ಹೋಗಿ, ಈಚೆಗೊಂದು ಕಾಲು ಆಚೆಗೊಂದು ಕಾಲು ಇಟ್ಟು, ‘ಹೋ’ ಎಂದು ಕೂಗಿ ನೋಡಿತು.

ನಗು ತಿಂಗಳೊಪ್ಪತ್ತಿನಲ್ಲಿ ಮುಗಿಯಿತು. ಆಮೇಲೆ ಹೊಂದಿಕೊಂಡೆವು. ಬಡವರಿಗೆ ಆ ವಿದ್ಯೆ ಯಾರೂ ಕಲಿಸದೆ ಬರುತ್ತದೆ. ಸಂತೆಯಲ್ಲಿ ಬೆರಳು ತೋರಿಸಿ ಚೌಕಾಸಿ ಮಾಡಿದೆವು. ವ್ಯಾಪಾರಿಗಳು ‘ಬಾಯಿಲ್ಲದ ಗಿರಾಕಿ ದೇವರು ಕಳಿಸಿದ ಗಿರಾಕಿ’ ಎಂದು ಒಬ್ಬರಿಗೊಬ್ಬರು ಕಣ್ಣು ಹೊಡೆದು, ನಮ್ಮ ಎದುರೇ ತೂಕದ ಕಲ್ಲು ಬದಲಾಯಿಸಿದರು. ಗಂಡಹೆಂಡಿರ ಜಗಳದಲ್ಲಿ ಸೋಲುವ ಲಕ್ಷಣ ಕಂಡವರು ಎದ್ದು ಹೋಗಿ ಗಡಿಯಾಚೆ ಕೂರುವುದು ರೂಢಿಯಾಯಿತು. ಮದುವೆಯಾಗಿ ಹೊರಟ ಹುಡುಗಿಯರು ಕಲ್ಲಿನ ಈಚೆಯೇ ಅತ್ತು ಮುಗಿಸುತ್ತಿದ್ದರು. ಆಚೆ ಅತ್ತರೆ ತಾಯಿಗೆ ಕೇಳಿಸುವುದಿಲ್ಲವಲ್ಲ. ಬೇರೆ ಊರಿಗೆ ಹೋಗಿ ಅಲ್ಲಿಯ ಪುಸ್ತಕದಲ್ಲಿ ಹೆಸರು ಬರೆಸಿಕೊಂಡವರಿಗೆ ದನಿ ಮರಳಿತು. ಅದು ತಿಳಿದ ಮೇಲೆ ಒಂದೊಂದೇ ಮನೆ ಖಾಲಿಯಾಯಿತು. ಹೋದವರನ್ನು ನಾವು ದೂರಲಿಲ್ಲ. ಉಳಿದವರು ಇಪ್ಪತ್ತೆರಡು ಜನ: ಹೋಗಲು ಎಡೆ ಇಲ್ಲದವರು, ಮತ್ತು ಹೋದರೆ ನೋಡುವವರಿಲ್ಲದೆ ಊರ ಕಾಲುವೆ ಹೂತುಹೋಗುತ್ತದೆ ಎಂದು ಹೆದರಿದವರು.

ಇಷ್ಟಕ್ಕೂ ಕಾರಣ ನನ್ನ ಬಾಬಾ. ಹಾಗೆಂದು ಕಚೇರಿ ಹೇಳುತ್ತದೆ. ಬಾಬಾ ಎಂದರೆ ನನ್ನ ತಂದೆ ಖೊದಾದಾದ್, ಊರಿನ ನೀರುಗಂಟಿ. ಬೆಟ್ಟದ ಬುಡದಿಂದ ನೆಲದೊಳಗೇ ಸುರಂಗ ತೋಡಿ ತಂದ ಕಾಲುವೆ ನಮ್ಮದು. ಅದರ ನೀರನ್ನು ಗಳಿಗೆ ಬಟ್ಟಲಿನಿಂದ ಹಂಚುತ್ತೇವೆ. ತಳದಲ್ಲಿ ಸೂಜಿಮೊನೆಯಷ್ಟು ತೂತಿರುವ ತಾಮ್ರದ ಬಟ್ಟಲನ್ನು ಹಂಡೆಯ ನೀರಿನ ಮೇಲೆ ತೇಲಿಬಿಟ್ಟರೆ, ಅದು ತುಂಬಿ ಮುಳುಗುವಷ್ಟು ಹೊತ್ತು ಒಂದು ಪಾಳಿ. ಯಾವ ಮನೆಗೆ ಎಷ್ಟು ಬಟ್ಟಲು ಎಂಬುದು ಆ ಮನೆಯಲ್ಲಿ ಎಷ್ಟು ನಫರ್ ಎಂಬುದರ ಮೇಲೆ. ನಫರ್ ಎಂದರೆ ಫಾರಸಿಯಲ್ಲಿ ಒಬ್ಬ ವ್ಯಕ್ತಿ. ಒಂದು ಒಂಟೆಯೂ ಒಂದು ನಫರ್. ಒಂದು ಖರ್ಜೂರದ ಮರವೂ ಒಂದು ನಫರ್. ಇದು ನಾವು ಕಟ್ಟಿದ ಕವಿತೆಯಲ್ಲ, ವ್ಯಾಕರಣ. ಆಡು, ಕುರಿ, ಕತ್ತೆಗಳಿಗೆ ತಲೆ ಲೆಕ್ಕ. ನಮ್ಮೂರಲ್ಲಿ ನಫರ್ ಎಂದು ಎಣಿಸುವುದು ಈ ಮೂವರನ್ನು: ಮನುಷ್ಯ, ಒಂಟೆ, ಖರ್ಜೂರ. ನೀರು ನಿಂತರೆ ಸಾಯುವಾಗ ಯಾರು ನಮ್ಮ ಹಾಗೇ ನಿಂತಲ್ಲೇ ಸಾಯುತ್ತಾರೋ ಅವರನ್ನು ನಮ್ಮ ಜೊತೆ ಎಣಿಸುವುದು ಹಿರಿಯರ ಪದ್ಧತಿ.

ಆ ವರ್ಷದ ಗಣತಿಯವನು ಜೀಪಿನಿಂದ ಕೆಳಗಿಳಿಯಲಿಲ್ಲ. ಕಿಟಕಿಯಿಂದಲೇ ಕೇಳಿದ: “ಎಷ್ಟು ನಫರ್?”

ನೀರುಗಂಟಿಯನ್ನು ಯಾರಾದರೂ ನಫರ್ ಎಷ್ಟು ಎಂದು ಕೇಳಿದರೆ ಅವನು ನಿದ್ದೆಯಲ್ಲೂ ಹೇಳುತ್ತಾನೆ. “ನೂರಾ ಮೂರು,” ಎಂದರು ಬಾಬಾ. ಐವತ್ತೊಂದು ಜನ, ನಲವತ್ತಮೂರು ಮರ, ಒಂಬತ್ತು ಒಂಟೆ.

ಮೂರನೆಯ ದಿನ ತಪಾಸಣೆಗೆಂದು ಅವನ ಮೇಲಧಿಕಾರಿ ಬಂದ. ಎಲ್ಲರನ್ನೂ ಬಿಸಿಲಿನಲ್ಲಿ ನಿಲ್ಲಿಸಿ ಎಣಿಸಿದ. ಐವತ್ತೊಂದು. ಮತ್ತೆ ಎಣಿಸಿದ. ಅದೇ.

“ಐವತ್ತೆರಡು ಸುಳ್ಳು ಜನ!” ಎಂದು ಕೂಗಿದ. “ರೇಷನ್ ಹಿಟ್ಟು ಹೊಡೆಯೋಕೆ ಈ ಆಟ ಅಲ್ವಾ?”

ಬಾಬಾ ಕೈಮುಗಿದು ವಿವರಿಸಿದರು. ಮರಗಳನ್ನು ತೋರಿಸಿದರು, ಒಂಟೆಗಳನ್ನು ತೋರಿಸಿದರು.

“ಮರ ಹಿಟ್ಟು ತಿನ್ನುತ್ತೇನಯ್ಯಾ?”

“ಹಿಟ್ಟು ಬ್ಯಾಡ್ರಿ ಅವಕ್ಕ, ನೀರು ಬೇಕು. ನೀವು ನಫರ್ ಎಷ್ಟು ಅಂತ ಕೇಳಿದ್ರಿ, ನಾ ಹೇಳಿದೆ.”

“ತಲೆ ಎಷ್ಟು ಅಂತ ಹೇಳು.”

“ತಲಿ ಎಣಸೂದು ಆಡಿಂದ್ರಿ ಸಾಹೇಬ್ರ.”

ಬಾಬಾ ಅದನ್ನು ಕುಹಕಕ್ಕೆ ಹೇಳಲಿಲ್ಲ. ಪಾಪ, ಸಾಹೇಬರಿಗೆ ಭಾಷೆ ಬರುವುದಿಲ್ಲವೆಂದು ತಿಳಿದು ಸರಿಯಾದ ಪದ ಹೇಳಿಕೊಟ್ಟರು. ಸುತ್ತ ನಿಂತವರು ನಕ್ಕುಬಿಟ್ಟರು. ಸಾಹೇಬ ಕೆಂಪಗಾದ. ಬರೆದಿದ್ದ ಸಂಖ್ಯೆಯ ಮೇಲೆ ಅಡ್ಡಗೆರೆ ಎಳೆದ, ಪಕ್ಕದಲ್ಲಿ ಏನೋ ಗೀಚಿದ, ಜೀಪು ಹತ್ತಿದ. ಗೀಚಿದ್ದೇನು ಎಂಬುದು ಪುಸ್ತಕ ಬಂದ ಮೇಲೆ ತಿಳಿಯಿತು.

ನಾನು ಸುಮ್ಮನೆ ಕೂತವಳಲ್ಲ. ನಮ್ಮ ಮನೆಯಲ್ಲಿ ಪ್ರತಿ ಗುರುವಾರ ಸಂಜೆ ಏಳೆಂಟು ಮಂದಿ ಸೇರಿ ಓದುತ್ತಿದ್ದೆವು. ಒಬ್ಬರು ಓದುವುದು, ಉಳಿದವರು ಉಣ್ಣೆ ನೂಲುತ್ತ ಕೇಳುವುದು, ಆಮೇಲೆ ಜಗಳವಾಡುವುದು. ಹಕ್ಕು ಎಂಬ ಪದವನ್ನು ಆ ಚಾಪೆಯ ಮೇಲೆ ಎಷ್ಟು ಸಾವಿರ ಸಲ ಆಡಿದ್ದೇವೋ. ಆ ಬಲದಿಂದಲೇ ಅರ್ಜಿ ಬರೆದೆ. ‘ಅರ್ಜಿದಾರರು ಖುದ್ದಾಗಿ ಹಾಜರಾಗಿ ಬಾಯಿಮಾತಿನ ಹೇಳಿಕೆ ನೀಡತಕ್ಕದ್ದು’ ಎಂದು ಉತ್ತರ ಬಂತು. ಹೋದೆ. ಗುಮಾಸ್ತ “ಹೇಳಿ” ಎಂದ. ನಾನು ಹೇಳಿದೆ. ಬಾಯಿ ತೆರೆದು, ಎದೆಯಿಂದ ಉಸಿರೆಳೆದು, ಕಣ್ಣಲ್ಲಿ ನೀರು ಬರುವವರೆಗೆ ಹೇಳಿದೆ. ಅವನು ಸ್ವಲ್ಪ ಹೊತ್ತು ಕಾದ. ಕಾಗದದಲ್ಲಿ ಬರೆದು ತೋರಿಸಿದೆ; “ಬರೆದದ್ದು ಈಗಾಗಲೇ ಫೈಲಿನಲ್ಲಿದೆ, ಬಾಯಲ್ಲಿ ಹೇಳಿ” ಎಂದ. ಕೊನೆಗೆ ಅರ್ಜಿಯ ಅಂಚಿನಲ್ಲಿ ಷರಾ ಬರೆದ: ‘ಅರ್ಜಿದಾರಳು ಹಾಜರಿದ್ದಳು. ಹೇಳುವುದೇನೂ ಇಲ್ಲ.’ ಇದೇ ಷರಾ ಇರುವ ನಾಲ್ಕು ಕಾಗದ ನನ್ನಲ್ಲಿವೆ. ನಾಲ್ಕಕ್ಕೂ ಮೊಹರು ಇದೆ.

ಈಗ ಗುಲಂದಾಮಳ ವಿಷಯ. ನನ್ನ ತಂಗಿ. ಅವಳನ್ನು ಹೆರಿಗೆಗೆ ಪಟ್ಟಣದ ಆಸ್ಪತ್ರೆಗೆ ಕರೆದೊಯ್ದೆ. ಕೂಸು ಅಡ್ಡ ತಿರುಗಿತ್ತು, ನಮ್ಮೂರ ಸೂಲಗಿತ್ತಿ ಕೈಚೆಲ್ಲಿದ್ದಳು. ಹೆರಿಗೆ ವಾರ್ಡಿನಲ್ಲಿ ಹನ್ನೆರಡು ಮಂಚ, ಇಬ್ಬರು ದಾದಿಯರು. ಅವರು ಕೆಟ್ಟವರಲ್ಲ. ಆದರೆ ಹನ್ನೆರಡು ಮಂದಿಗೆ ಇಬ್ಬರಿದ್ದಾಗ ಏನು ಮಾಡುತ್ತಾರೆ? ಯಾರು ಕೂಗಿದರೆ ಅವರ ಕಡೆ ಓಡುತ್ತಾರೆ. ಜೋರಾಗಿ ಕೂಗಿದವರ ಕಡೆ ಮೊದಲು ಓಡುತ್ತಾರೆ. ನನ್ನನ್ನು ಹೊರಗೆ ನಿಲ್ಲಿಸಿದ್ದರು. ಬಾಗಿಲ ಗಾಜಿನಿಂದ ಮೂಲೆಯ ಮಂಚ ಕಾಣುತ್ತಿತ್ತು. ಗುಲಂದಾಮಳ ಬಾಯಿ ತೆರೆದಿತ್ತು, ಕಿವಿಯವರೆಗೆ ತೆರೆದಿತ್ತು. ನಾನು ಗಾಜಿನ ಮೇಲೆ ಗುದ್ದಿದೆ. ಜವಾನ ಬಂದು ನನ್ನನ್ನು ಮೆಟ್ಟಿಲ ಬಳಿ ಕೂರಿಸಿದ. ನಡುಮಧ್ಯಾಹ್ನ ದಾದಿಯೊಬ್ಬಳು ಊಟ ಮುಗಿಸಿ ಬಂದು ‘ಪರವಾಗಿಲ್ಲ, ಈ ಹೆಂಗಸು ತುಂಬ ಸಮಾಧಾನದವಳು’ ಎನ್ನುತ್ತ ಹೊದಿಕೆ ಸರಿಸಿದಳು. ಅಷ್ಟರಲ್ಲಿ ತಾಯಿಯೂ ಹೋಗಿದ್ದಳು, ಕೂಸೂ ಹೋಗಿತ್ತು. ಅವಳ ಚೀಟಿಯಲ್ಲಿ ‘ರೋಗಿಯ ದೂರು’ ಎಂಬಲ್ಲಿ ‘ಇಲ್ಲ’ ಎಂದು ಬರೆದಿದ್ದರು.

ಈ ವರ್ಷ ನನ್ನ ಮಗಳು ಸನೋಬರ್ ಗರ್ಭಿಣಿ. ಎಂಟು ತುಂಬಿದೆ. ತಿಂಗಳಿಗೊಮ್ಮೆ ಬಂದು ಹೋಗುವ ದಾದಿ ಹೊಟ್ಟೆ ಮುಟ್ಟಿ ನೋಡಿ, “ಅಡ್ಡ ಇದೆ. ಪಟ್ಟಣಕ್ಕೇ ಹೋಗಬೇಕು. ಮನೆಯಲ್ಲಿ ಇಟ್ಟುಕೊಂಡರೆ ಉಳಿಯೋಲ್ಲ,” ಎಂದಳು. ಅಳಿಯ ದೂರದ ಬಂದರಿನಲ್ಲಿ ಹಮಾಲ, ಹನ್ನೊಂದು ಗಂಡಸರ ಕೋಣೆಯಲ್ಲಿ ಮಲಗುವವನು, ಅಲ್ಲಿಗೆ ಕಳಿಸುವಂತಿಲ್ಲ. ನಾನು ಕೈಬೆರಳಲ್ಲಿ ದಿನ ಎಣಿಸುತ್ತಿದ್ದೆ. ಆಗ ಖಾನೇಷುಮಾರಿ ಮತ್ತೆ ಬಂತು.

ಈ ಸಲ ಬಂದವನ ಹೆಸರು ಸಿಯಾಮಕ್. ಇಪ್ಪತ್ತೈದರ ಆಸುಪಾಸು, ಬೆವರಿಗೆ ಅಂಟಿಕೊಂಡ ಅಂಗಿ, ಎದೆಗೆ ಅವಚಿಕೊಂಡ ಚೀಲ. ಇವನು ಇಳಿದ. ಕಾಲುವೆಯ ಬಾಯಿಯಲ್ಲಿ ಮುಖ ತೊಳೆದ, ಚಾಪೆಯ ಮೇಲೆ ಕೂತು ಚಹಾ ಕುಡಿದ, ಖಾಲಾಳ ರೊಟ್ಟಿಯನ್ನು ಹೊಗಳಿದ. ಇಪ್ಪತ್ತೆರಡು ಮಂದಿಯೂ ಸುತ್ತ ಕೂತೆವು. ಎರಡು ಒಂಟೆ, ಮೂವತ್ತೊಂದು ಮರ ಸ್ವಲ್ಪ ದೂರದಲ್ಲಿ.

“ಲೇ ತಮ್ಮಾ, ಈ ಸಲ ನಫರ್ ಗಿಫರ್ ಅಂತ ಕೇಳಬ್ಯಾಡ,” ಎಂದಳು ಖಾಲಾ. “ನಮ್ಮ ಮುದುಕನ ಕಿವಿಗಿ ಆ ಪದ ಬಿತ್ತಂದ್ರ ಪಾಳಿ ಹಂಚಾಕ ಕೂಡ್ತಾನ. ಹೆಸರು ಕೇಳು, ಬರಕೋ, ಹೋಗು.”

ಎಲ್ಲರೂ ನಕ್ಕರು. ಬಾಬಾ ಸಹ ನಕ್ಕರು, ಹಲ್ಲಿಲ್ಲದ ಬಾಯಲ್ಲಿ.

ಸಿಯಾಮಕ್ ನಗಲಿಲ್ಲ. ಚೀಲದಿಂದ ಹಳದಿ ಬಣ್ಣಕ್ಕೆ ತಿರುಗಿದ ಒಂದು ಫೈಲು ತೆಗೆದ. “ಹೆಸರು ಬರ್ಕೊಳ್ಳೋಕೆ ಹೊಸ ಹಾಳೆ ತೆರೀಬೇಕು, ಖಾಲಾ. ಹಳೇದು ಮುಚ್ಚದೆ ಹೊಸದು ತೆರೆಯೋಲ್ಲ. ನಿಮ್ಮೂರಿನ ಮೇಲೆ ಸುಳ್ಳು ಮಾಹಿತಿ ಪ್ರಕರಣ ಇದೆ. ಹತ್ತು ವರ್ಷದಿಂದ ಹಾಗೇ ಇದೆ.”

“ಮುಚ್ಚೂದು ಹೆಂಗ?” ಎಂದೆ.

“ಮಾಹಿತಿ ಕೊಟ್ಟವರು ತಪ್ಪೊಪ್ಪಿಗೆ ಕೊಡಬೇಕು. ಊರಿನ ಓದಿದವರೊಬ್ಬರು ಬರೀಬೇಕು, ಕೊಟ್ಟವರು ಹೆಬ್ಬೆಟ್ಟು ಒತ್ತಬೇಕು, ಅದೇ ಮನೆಯ ಇನ್ನೊಬ್ಬರು ದೊಡ್ಡವರು ಸಾಕ್ಷಿ ಸಹಿ ಹಾಕಬೇಕು. ಅಷ್ಟೆ. ನಾನು ಇಲ್ಲೇ ಕೂತು ಹೆಸರು ಬರ್ಕೊಂಡು ಹೋಗ್ತೀನಿ. ವಾರದೊಳಗೆ ನಿಮ್ಮೂರು ಪಟ್ಟಿಯಲ್ಲಿ ಬರುತ್ತೆ.”

ವಾರದೊಳಗೆ. ಸನೋಬರಳಿಗೆ ಇನ್ನೂ ಮೂರು ವಾರವಿತ್ತು. ನನ್ನ ಕಿವಿಯಲ್ಲಿ ಆ ಒಂದೇ ಪದ ಉಳಿಯಿತು.

“ಇನ್ನೊಂದು ಇದೆ,” ಎಂದ ಸಿಯಾಮಕ್, ನೆಲ ನೋಡುತ್ತ. “ಸುಳ್ಳು ಮಾಹಿತಿ ಕೊಟ್ಟವರನ್ನ ಗಣತಿಗೆ ಸೇರಿಸೋ ಹಾಗಿಲ್ಲ. ಜೀವಮಾನಕ್ಕೆ. ಇದು ನಾನು ಮಾಡಿದ ನಿಯಮ ಅಲ್ಲ.”

ಊರಿಗೆಲ್ಲ ದನಿ ಮರಳಿದ ಮೇಲೆ, ಪಟ್ಟಿಯಿಂದ ಹೊರಗುಳಿದ ಒಬ್ಬನಿಗೆ ಊರೊಳಗಿನ ದನಿಯಾದರೂ ಉಳಿಯುತ್ತದೋ ಇಲ್ಲವೋ ಯಾರಿಗೂ ಗೊತ್ತಿರಲಿಲ್ಲ. ಯಾರೂ ಕೇಳಲೂ ಇಲ್ಲ. ನಾನೂ ಕೇಳಲಿಲ್ಲ. ಅದನ್ನು ಇಲ್ಲಿ ಬರೆದಿಡುತ್ತೇನೆ.

ಮೊದಲು ಬಾಯಿ ತೆರೆದವರು ಬಾಬಾ. “ಅಂದ್ರ ಇಪ್ಪತ್ತೆರಡರಾಗ ಒಂದು ಕಳದ್ರ ಇಪ್ಪತ್ತೊಂದು. ನೀರು ಹಂಚಿದವನಿಗಿ ಈ ಲೆಕ್ಕ ಕಲಸಬೇಕಾಗಿಲ್ಲ. ಬರಿ ಮಗಳ.”

“ಬಾಬಾ...”

“ನಾ ಎಲ್ಲಿಗಿ ಹೋಗಾಂವ ಇನ್ನ? ಸಂತಿಗಿ ಹೋಗಿ ಹತ್ತು ವರ್ಷಾತು. ನನ್ನ ಬೇಕಾದ್ರ ಆ ಕಡೆ ಎಣಸಿಕೋರಿ,” ಎಂದು ಮರಗಳ ಕಡೆ ಗಲ್ಲ ತಿರುಗಿಸಿದರು. “ಅವಕ್ಕೂ ದನಿ ಇಲ್ಲ. ನನಗ ಪರಿಚಯದವs ಎಲ್ಲಾ.”

“ಹಲ್ಲs ಉದುರ್ಯಾವು, ದನಿ ಹೋದ್ರೇನು ಮುದುಕಗ?” ಎಂದಳು ಖಾಲಾ. ತಮಾಷೆಗೆಂದು ಶುರುಮಾಡಿದಳು, ಮುಗಿಸುವಷ್ಟರಲ್ಲಿ ಮುಖ ಆಚೆ ತಿರುಗಿಸಿ ಸೆರಗಿನಿಂದ ಮೂಗು ಒರೆಸಿಕೊಂಡಳು.

ಸಿಯಾಮಕ್ ನನ್ನ ಮುಂದೆ ಕಾಗದ, ಪೆನ್ನು ಇಟ್ಟ. ನಾನು ಬರೆದೆ: ‘ನಮ್ಮ ಊರಿನ ಪದ್ಧತಿಯಂತೆ ನಾನು ಮನುಷ್ಯರ ಜೊತೆ ಮರಗಳನ್ನೂ ಒಂಟೆಗಳನ್ನೂ ಸೇರಿಸಿ...’ ಅವನು ಬಗ್ಗಿ ಓದಿ ತಲೆಯಾಡಿಸಿದ.

“ಹೀಗಲ್ಲ ಅಕ್ಕಾ. ‘ನಾನು ಬೇಕೆಂದೇ ಸುಳ್ಳು ಸಂಖ್ಯೆ ನೀಡಿದ್ದೇನೆ’ ಅಂತ ಬರೀರಿ.”

“ಬೇಕಂತ ಹೇಳಿಲ್ಲಪ್ಪಾ. ತಪ್ಪು ತಿಳುವಳಿಕಿಯಿಂದ ಅಂತ ಬರೀತೀನಿ.”

“ತಪ್ಪು ತಿಳುವಳಿಕೆಗೆ ಕಾಲಂ ಇಲ್ಲ.”

“ಏನೇನ ಅದಾವು ಮತ್ತ?”

“ಎರಡೇ. ನಿಜ, ಸುಳ್ಳು.”

“ನಿಜ ಅಂತ ಹಾಕ್ರಿ ಹಂಗಾದ್ರ.”

“ನಿಜ ಅಂತ ಹಾಕಿದರೆ ಆ ಐವತ್ತೆರಡು ಜನರನ್ನ ನೀವು ತೋರಿಸಬೇಕಾಗುತ್ತೆ.”

“ಅಲ್ಲಿ ನಿಂತಾರ ನೋಡಪಾ,” ಎಂದರು ಬಾಬಾ, ಮತ್ತೆ ಮರಗಳ ಕಡೆ ಕೈ ಮಾಡಿ. “ಕೆಲವರು ತೀರಿಕೊಂಡಾರ. ಉಳಿದವರು ಅದಾರ.”

ಹುಡುಗನ ತುಟಿಯಂಚಿನಲ್ಲಿ ಒಂದು ಕ್ಷಣ ನಗು ಬಂತು. ತನ್ನ ಕೆಲಸ ನೆನಪಾಗಿ ಅದನ್ನು ನುಂಗಿಕೊಂಡ. “ಅಕ್ಕಾ,” ಎಂದ ಮೆತ್ತಗೆ, “ನನಗೂ ಅರ್ಥ ಆಗುತ್ತೆ. ಆದರೆ ಇವತ್ತು ಕೊನೇ ದಿನ. ಬಿಸಿಲು ಇಳಿಯೋದರೊಳಗೆ ನಾನು ಹೋಬಳಿಯಲ್ಲಿ ಇರಬೇಕು. ಇದು ತಪ್ಪಿದರೆ ಇನ್ನು ಹತ್ತು ವರ್ಷ.”

ಬರೆದೆ. ಮೂವತ್ತು ವರ್ಷ ಪುಸ್ತಕ ಹಿಡಿದ ಕೈ, ನಾಲ್ಕು ಸಲ ನಿಜ ಬರೆದು ಸೋತ ಕೈ, ಐದನೆಯ ಸಲ ಸುಳ್ಳನ್ನು ಬರೆಯಿತು. ಒಂದು ಅಕ್ಷರವೂ ನಡುಗಲಿಲ್ಲ. ‘ಬೇಕೆಂದೇ’ ಎಂಬುದನ್ನು ಎಷ್ಟು ದುಂಡಗೆ ಬರೆದೆನೆಂದರೆ, ನನ್ನ ಕೈಬರಹದಲ್ಲಿ ಅದಕ್ಕಿಂತ ಚೆಂದದ ಪದ ಬೇರೆ ಇಲ್ಲ. ನನ್ನ ಕಣ್ಣಮುಂದೆ ಗಾಜಿನ ಬಾಗಿಲಿತ್ತು. ಆ ಮೂಲೆಯ ಮಂಚದಲ್ಲಿ ಈಗ ನನ್ನ ಮಗಳು ಮಲಗಿದ್ದಳು. ಅವಳಿಗೊಂದು ಕೂಗು ಸಿಗುವುದಾದರೆ ನನ್ನಪ್ಪನನ್ನಷ್ಟೇ ಅಲ್ಲ, ಅವರಪ್ಪನನ್ನೂ ಸುಳ್ಳನೆಂದು ಬರೆಯಲು ನಾನು ಸಿದ್ಧಳಿದ್ದೆ. ಓದು ಮನುಷ್ಯರನ್ನು ಗಟ್ಟಿ ಮಾಡುತ್ತದೆ ಎಂದು ನಮ್ಮ ಚಾಪೆಯ ಮೇಲೆ ಕೂತು ಎಷ್ಟು ಜನರಿಗೆ ಹೇಳಿದ್ದೆನೋ.

ಸಿಯಾಮಕ್ ಶಾಯಿಯ ಡಬ್ಬಿ ತೆರೆದ. ಬಾಬಾ ಹೆಬ್ಬೆರಳನ್ನು ಅಂಗಿಗೆ ಒರೆಸಿ, ಶಾಯಿಗೆ ಒತ್ತಿ, ನಾನು ತೋರಿಸಿದ ಜಾಗದಲ್ಲಿ ಇಟ್ಟರು. ಗಳಿಗೆ ಬಟ್ಟಲಿನ ಅಂಚು ಸವೆಸಿದ ಬೆರಳು, ಗೆರೆಗಳೇ ಇರಲಿಲ್ಲ. ಕಾಗದದ ಮೇಲೆ ಬರೀ ಒಂದು ನೀಲಿ ಮಚ್ಚೆ ಬಿತ್ತು. “ಸಾಕು, ಸಾಕು,” ಎಂದ ಸಿಯಾಮಕ್. “ಈಗ ಸಾಕ್ಷಿ. ಬರೆದವರು ಹಾಕೋ ಹಾಗಿಲ್ಲ. ಮನೆಯಲ್ಲಿ ಇನ್ನು ಯಾರಿದ್ದಾರೆ?”

ಮನೆಯಲ್ಲಿ ಇನ್ನು ಇದ್ದವಳು ಸನೋಬರ್. ಖಾಲಾ ಅವಳ ತೋಳು ಹಿಡಿದು ಎಬ್ಬಿಸಿದಳು. ಸೊಂಟದ ಮೇಲೊಂದು ಕೈ ಇಟ್ಟುಕೊಂಡು, ಬಾತುಕೊಂಡ ಪಾದ ಎತ್ತಿಡುತ್ತ ಬಂದು ಚಾಪೆಯ ಮೇಲೆ ಕಷ್ಟಪಟ್ಟು ಕೂತಳು. ನಾನು ಪೆನ್ನು ಕೊಟ್ಟೆ.

“ಓದಿ ಹಾಕ್ತೀನಿ,” ಎಂದಳು.

“ಏನ ಓದ್ತಿ, ಎಲ್ಲಾ ಕೇಳಿದಿಯಲ್ಲ,” ಎಂದೆ.

ಅವಳು ಓದಿದಳು, ಎಲ್ಲರಿಗೂ ಕೇಳುವ ಹಾಗೆ. ಖೊದಾದಾದ್ ಎಂಬ ನಾನು, ಇಂಥವರ ಮಗ, ಇಂಥ ಊರಿನ ನಿವಾಸಿ, ನಾನು ಬೇಕೆಂದೇ. ಅಲ್ಲಿಗೆ ನಿಂತಳು. ಬಾಬಾ ತಮ್ಮ ನೀಲಿ ಬೆರಳನ್ನು ಮರಳಿನಲ್ಲಿ ಉಜ್ಜುತ್ತಿದ್ದರು. ಅವಳು ಅದನ್ನು ನೋಡಿದಳು.

“ಹಾಕು ಸನೋಬರ್.”

“ನನೇ,” ಎಂದಳು. ನಮ್ಮಲ್ಲಿ ತಾಯಿಯನ್ನು ಹಾಗೆ ಕರೆಯುತ್ತಾರೆ. “ಇನ್ನ ಮೂರು ವಾರಕ್ಕ ನಾ ಆ ವಾರ್ಡಿನ್ಯಾಗ ಕೂಗ್ತೀನಿ. ದನಿ ಬರತೈತಿ. ದಾದಿ ಬರ್ತಾಳ. ಯಾವೂರವ್ವಾ ಅಂತ ಕೇಳ್ತಾಳ. ಹೇಳ್ತೀನಿ. ಆ ಊರಾ, ಬೇಕಂತ ಸುಳ್ಳು ಹೇಳೂ ಊರಾ ಅಂತಾಳ. ಆಮ್ಯಾಲ ನನಗ ನೋವಂದ್ರ ನಂಬ್ತಾಳೇನು?”

“ಹೆರಿಗಿ ವಾರ್ಡಿನ್ಯಾಗ ಯಾರೂ ಆ ಪುಸ್ತಕ ತಗದು ನೋಡಂಗಿಲ್ಲವಾ.”

“ಇಷ್ಟು ವರ್ಷ ನೋಡ್ಯಾರಲ್ಲ.”

ಖಾಲಾ ನಡುವೆ ಬಾಯಿ ಹಾಕಿದಳು. “ಹುಡುಗೀ, ಅದರಾಗ ನಿಂದೊಂದs ಅಲ್ಲ, ಇಪ್ಪತ್ತು ಮಂದಿ ದನಿ ಐತಿ! ನಾ ಸಂತ್ಯಾಗ ಒಬ್ಬ ತೂಕದ ಕಳ್ಳನ್ನ ಬೈದು ಹತ್ತು ವರ್ಷಾತು, ಗೊತ್ತೈತೇನು? ಮುದುಕs ಒಪ್ಪಿ ಒತ್ತ್ಯಾನ. ನಿಂದೇನ ನಡುವ?”

“ಒಪ್ಪ್ಯಾನ, ಖಾಲಾ. ನನ್ನ ಸಲುವಾಗಿ ಒಪ್ಪ್ಯಾನ. ನನ್ನ ಸಲುವಾಗಿ ಮಾಡಿದ್ದನ್ನ ನಾ ಬ್ಯಾಡ ಅನಬೌದು.” ಆಮೇಲೆ ಸಿಯಾಮಕ್ ಕಡೆ ತಿರುಗಿ ಕೇಳಿದಳು: “ಇದಕ್ಕ ಸಹಿ ಹಾಕಿದವರು ಏನು ಹೇಳಿದಂಗಾತು?”

“ಇದು ನಿಜ ಅಂತ ಸಾಕ್ಷಿ ಹೇಳಿದ ಹಾಗೆ.”

“ಅಂದ್ರ ಈ ಸಲ ಸುಳ್ಳು ಹೇಳೂದು ನಾ.”

ಅವನು ಗಡಿಯಾರ ನೋಡಿಕೊಂಡ. ಮರದ ನೆರಳುಗಳು ಚಾಪೆಯ ಅಂಚಿಗೆ ಬಂದಿದ್ದವು. ಚೀಲದ ಬಾಯಿ ಕಟ್ಟುತ್ತ, ಬಿಚ್ಚುತ್ತ, ಮತ್ತೆ ಕಟ್ಟುತ್ತ ಕೂತಿದ್ದ. “ತಂಗಿ, ದಯವಿಟ್ಟು. ಒಂದು ಸಹಿ. ಸುಮ್ಮನೆ ಹಾಕಿಬಿಡಿ. ಯಾರೂ ಏನೂ ಅಂದುಕೊಳ್ಳೋಲ್ಲ.”

ನಾನು ಮಗಳ ಪಾದ ಹಿಡಿದುಕೊಂಡೆ. ಮಾತಿಗೆ ಹೇಳುತ್ತಿಲ್ಲ, ಎರಡೂ ಕೈಯಲ್ಲಿ ಹಿಡಿದುಕೊಂಡೆ. ಊರೆದುರು, ಅಪ್ಪನೆದುರು. ಪಾದ ಬಿಸಿಯಾಗಿತ್ತು, ಒತ್ತಿದಲ್ಲಿ ಬೆರಳಿನ ಗುಳಿ ಹಾಗೇ ನಿಂತಿತು. “ನಿನ್ನ ಚಿಕ್ಕವ್ವನ್ನ ನಾ ಗಾಜಿನಿಂದ ನೋಡೀನಿ. ನಿನ್ನ ನೋಡಾಕ ಆಗಂಗಿಲ್ಲ ನನಗ. ಬರಿ. ನಿನ್ನ ಹೆಸರಷ್ಟs ಬರಿ. ಪಾಪ ನನ್ನ ತಲಿಮ್ಯಾಲ ಇರಲಿ.”

ಸನೋಬರ್ ಬಗ್ಗಿ ನನ್ನ ಕೈ ಬಿಡಿಸಿದಳು. ಬಗ್ಗುವುದು ಅವಳಿಗೆ ಕಷ್ಟ. ಉಸಿರು ಕಟ್ಟಿ ಮುಖ ಬಿಳಿಚಿತು. ಪೆನ್ನಿನ ಟೋಪಿ ಹಾಕಿ ಕಾಗದದ ಮೇಲಿಟ್ಟು, ಎರಡನ್ನೂ ಸಿಯಾಮಕ್ ಕಡೆ ತಳ್ಳಿದಳು.

“ನಾ ಬರಿಯಂಗಿಲ್ಲ,” ಎಂದಳು.